ಅಂದಾಜಿನಲ್ಲಿ ಬಿಟ್ಟುಹೋದ ಒಂದು ಟಿಕೆಟ್

ದೆಹಲಿಗೆ ಬಂದ ನಾಲ್ಕನೇ ದಿನ ಮೆಟ್ರೋ ರೈಲು ನನ್ನ ಟವೆಲ್ಲು ಹೊತ್ತುಕೊಂಡು ಹೋಯಿತು.

ಅವತ್ತು ನನ್ನ ಹೆಂಡತಿ ಶಶಿಗೆ ಆಸ್ಪತ್ರೆಯಲ್ಲಿ ಮೊದಲ ಡ್ಯೂಟಿ. ರೈಲಿನಲ್ಲಿ ಕೂರಿಸಿ ಬರೋಣವೆಂದು ಅತಿ ಕಡಿಮೆ ದರದ ಒಂದು ಚೀಟಿ ತೆಗೆದುಕೊಂಡು ನಾನೂ ಒಳಗೆ ಹೋದೆ. ಯಾರನ್ನಾದರೂ ಕಳಿಸುವುದು ಎಂದರೆ ನಮ್ಮಲ್ಲಿ ಏನು? ಬಸ್ಸಿನೊಳಕ್ಕೆ ಹತ್ತಿ ಸೀಟು ಹಿಡಿದು, ಬ್ಯಾಗು ಮೇಲಿಟ್ಟು, ಡ್ರೈವರ್ ಹಾರನ್ ಹೊಡೆಯುವ ತನಕ ಪಕ್ಕದಲ್ಲೇ ಕೂತು ಮಾತಾಡಿ, ಆಮೇಲೆ ಇಳಿಯುವುದು. ಈ ರೈಲಿನ ಕಿಟಕಿ ತೆರೆಯುವುದಿಲ್ಲ, ಟವೆಲ್ಲು ಎಸೆಯುವುದು ಎಲ್ಲಿಂದ? ಬಾಗಿಲು ಸರಿದ ಕೂಡಲೇ ನಾಲ್ಕು ಜನರನ್ನು ಪಕ್ಕಕ್ಕೆ ಸರಿಸಿ ನುಗ್ಗಿದೆ. ಮೂಲೆಯ ಸೀಟಿನ ಮೇಲೆ ಟವೆಲ್ಲು ಹಾಸಿ, “ಶಶೀ, ಇಲ್ಲಿ ಬಾರೆ, ಸೀಟ್ ಹಿಡ್ದಿದೀನಿ” ಎಂದು ಕೂಗಿದೆ. ಡಬ್ಬಿಯಲ್ಲಿ ಇದ್ದವರೆಲ್ಲ ಹೆಂಗಸರೇ. ಮುಂದಿನ ಡಬ್ಬಿ ಅವರಿಗೇ ಮೀಸಲು ಎಂದು ನನಗೆ ಯಾರು ಹೇಳಿದ್ದರು? ಒಬ್ಬಳು ಆ ಟವೆಲ್ಲನ್ನು ಸತ್ತ ಇಲಿ ಎತ್ತಿದಂತೆ ಎರಡು ಬೆರಳಲ್ಲಿ ಎತ್ತಿ ನೋಡಿದಳು. ಹೊರಗಿನಿಂದ ಗಾರ್ಡು ಸೀಟಿ ಊದಿದ. ನಾನು ಹಾರಿ ಇಳಿದೆ, ಬಾಗಿಲು ಮುಚ್ಚಿತು, ರೈಲು ಹೊರಟೇ ಹೋಯಿತು.

“ಯಾರ್ದು ಇದು ಅಂತ ಕೇಳಿದ್ರು. ನಂದಲ್ಲ ಅಂದ್ಬುಟ್ಟೆ ಕಣ್ರೀ” ಎಂದಳು ಶಶಿ ಮಧ್ಯಾಹ್ನ ಬಂದು. ಅಷ್ಟು ಖಾಲಿ ಸೀಟಿದ್ದರೂ ನಾಚಿಕೆಗೆ ಆಸ್ಪತ್ರೆಯ ತನಕ ನಿಂತೇ ಹೋಗಿದ್ದಳು.

ನನ್ನ ಅವಮಾನ ಅಲ್ಲಿಗೇ ಮುಗಿಯಲಿಲ್ಲ. ಹೊರಗೆ ಬರಲು ಗೇಟಿಗೆ ಚೀಟಿ ತೋರಿಸಿದರೆ ಅದು ತೆರೆಯಲೇ ಇಲ್ಲ. ಮುಂದಿನ ಸ್ಟೇಷನ್ನಿಗೆ ಚೀಟಿ ತೆಗೆದುಕೊಂಡವನು ಇಲ್ಲೇ ಇಳಿಯುತ್ತಿದ್ದಾನೆ ಎಂದು ಅದರ ತಕರಾರು. ಹೋಗೇ ಇಲ್ಲ ಮಾರಾಯ, ಇಳಿಯುವುದು ಎಲ್ಲಿಂದ ಬಂತು? ಕೌಂಟರಿನವನು ಮುಖ ಕೂಡ ನೋಡದೆ ಹೊರಗೆ ಬಿಟ್ಟ, ದುಡ್ಡು ವಾಪಸು ಕೊಡಲಿಲ್ಲ. ಹೆಂಡತಿಯನ್ನು ಕಳಿಸಲು ಬಂದವನ ಹತ್ತಿರವೂ ವಸೂಲಿ ಮಾಡುವ ಊರಿದು.

ಇದು ಯಾಕೆ ಅಷ್ಟು ಚುಚ್ಚಿತು ಎಂದರೆ, ನಾನು ಕಂಡಕ್ಟರ್. ಸಕಲೇಶಪುರದಿಂದ ಹಾನುಬಾಳಿನ ಮೇಲೆ ಹೋಗುವ ಖಾಸಗಿ ಬಸ್ಸಿನ ಬಾಗಿಲಲ್ಲಿ ಹದಿನೆಂಟು ವರ್ಷ ನಿಂತವನು. ಟಿಕೆಟ್ ದರ ಎಂದರೆ ಏನು ಎಂದು ಈ ಊರಿಗೆ ಪಾಠ ಹೇಳಬಲ್ಲೆ. ಕಳಿಸಲು ಹತ್ತಿದವರಿಗೆ “ಬಂದೋರು ಇಳ್ಕಳ್ರಪ್ಪಾ” ಎಂದು ಕೂಗುತ್ತಿದ್ದೆನೇ ಹೊರತು ಯಾವತ್ತೂ ದುಡ್ಡು ಕೇಳಿದವನಲ್ಲ. ಎಸ್ಟೇಟಿನ ಆಳುಗಳಿಗೆ ಶನಿವಾರ ಬಟವಾಡೆ, ಸಂಬಳ ಕೈಗೆ ಬರುವುದು ಅವತ್ತೇ. ಅಲ್ಲಿಯ ತನಕ ಅವರ ಟಿಕೆಟ್ ನನ್ನ ತಲೆಯಲ್ಲಿ ಬಾಕಿ. ಆಸ್ಪತ್ರೆಗೆ ಹೊರಟವರು ವಾಪಸು ಬರುವಾಗ ಕೊಟ್ಟರೆ ಸಾಕು. ಏಲಕ್ಕಿ ಮೂಟೆಗೆ ಒಂದು ದರ, ಗೊಬ್ಬರದ ಮೂಟೆಗೆ ಇನ್ನೊಂದು, ಮಡಿಲಲ್ಲಿ ಇಟ್ಟುಕೊಂಡ ಕೋಳಿಗೆ ಏನೂ ಇಲ್ಲ. ಹತ್ತುವ ಆಳಿನ ಮುಖ, ಹೊರೆ, ಇಳಿಯುವ ಜಾಗ ಮೂರನ್ನೂ ಒಂದೇ ನೋಟದಲ್ಲಿ ನೋಡಿ ಹೇಳುತ್ತಿದ್ದೆ. ಇಲ್ಲಿಯ ಗೇಟಿಗೆ ಬಸುರಿಯೂ ಒಂದೇ, ಬಸವನೂ ಒಂದೇ.

ಸರ್ಕಾರಿ ಬಸ್ಸಿನಲ್ಲಿ ಹೆಂಗಸರಿಗೆ ಟಿಕೆಟ್ ಇಲ್ಲವಾದ ಮೇಲೆ ನಮ್ಮ ಬಸ್ಸಿಗೆ ಗಂಡಸರು ಮತ್ತು ಗೊಬ್ಬರ ಉಳಿದವು. ಓನರ್ರು ಬಸ್ಸನ್ನು ಶೆಡ್ಡಿಗೆ ಹಾಕಿದರು. “ಇನ್ನೊಂದು ಸಣ್ಣ ಬಸ್ ತತ್ತೀನಿ, ಬಂದ ತಕ್ಷಣ ನಿನ್ನೇ ಕರೀತೀನಿ ಕಣಪ್ಪ, ನೀನಿಲ್ದೆ ಆ ರೂಟ್ ಓಡ್ತದಾ?” ಎಂದಿದ್ದರು. ಅಷ್ಟರಲ್ಲಿ, ಸಕಲೇಶಪುರದ ನರ್ಸಿಂಗ್ ಹೋಮಿನಲ್ಲಿ ಎಂಟು ವರ್ಷ ದುಡಿದಿದ್ದ ಶಶಿ ಯಾರಿಗೂ ಹೇಳದೆ ಕೇಂದ್ರದ ಪರೀಕ್ಷೆ ಬರೆದು ಪಾಸಾಗಿದ್ದಳು. ದೆಹಲಿಯ ದೊಡ್ಡ ಸರ್ಕಾರಿ ಆಸ್ಪತ್ರೆಯಲ್ಲಿ ನರ್ಸ್ ಕೆಲಸ. ನಮಗೆ ಮಕ್ಕಳಿಲ್ಲ, ಅದು ಬೇರೆ ಕಥೆ, ಇಲ್ಲಿ ಬೇಡ. ರೈಲಿನಲ್ಲಿ ಬರುವಾಗಲೇ ಅವಳು ಕೇಳಿದ್ದಳು: “ರೀ, ನೀವು ನನ್ನ ಜೊತೆ ಇರಕ್ಕೆ ಬತ್ತಿದೀರೋ, ನನ್ನ ಬುಟ್ಟೋಗಕ್ಕೆ ಬತ್ತಿದೀರೋ?” ನಾನು ಕಿಟಕಿಯಾಚೆ ನೋಡಿ, ಎಂಥಾ ಬೋಳು ಗುಡ್ಡ, ಒಂದು ಮರವಿಲ್ಲ ಎಂದೆ.

ಮನೆ ಹುಡುಕಿದ ಕಥೆ ಹೇಳುತ್ತೇನೆ. ಆಸ್ಪತ್ರೆಯ ಹತ್ತಿರ ಕೋಳಿಗೂಡಿನಂಥ ಕೋಣೆಗೆ ಬಾಯಿಗೆ ಬಂದಷ್ಟು ಬಾಡಿಗೆ. ಶಶಿಗೆ ಅದೇ ಆಗಬಹುದಿತ್ತು, ನಡೆದೇ ಹೋಗುತ್ತೇನೆ ಎಂದಳು. ನಾನು ನಕ್ಕೆ. ಊರಿನ ಪಶ್ಚಿಮದ ತುದಿಯಲ್ಲಿ ಅರ್ಧ ಬಾಡಿಗೆಗೆ ಒಂದು ಬರ್ಸಾತಿ ಸಿಕ್ಕಿತು. ಬರ್ಸಾತಿ ಎಂದರೆ ತಾರಸಿಯ ಮೇಲೆ ಕಟ್ಟಿದ ಒಂಟಿ ಕೋಣೆ, ಮಳೆಯ ಕೋಣೆ ಎಂದು ಅರ್ಥವಂತೆ. ಇಲ್ಲಿ ಉದುರುವುದನ್ನು ಮಳೆ ಎಂದು ಕರೆದರೆ ಹಾನುಬಾಳಿನವನು ನಾಚಿಕೊಳ್ಳಬೇಕು. ಮನೆಯೊಡತಿ ನಮ್ಮನ್ನು ಮೇಲಿಂದ ಕೆಳಗೆ ನೋಡಿ “ಮದ್ರಾಸಿ?” ಎಂದಳು. ಮಾಂಸ ಬೇಯಿಸುವ ಹಾಗಿಲ್ಲ ಎಂದು ಕೈಸನ್ನೆಯಲ್ಲೇ ತಿಳಿಸಿದಳು. ಹಂದಿ ಸಾರು, ಕಡುಬು ತಿಂದು ಬೆಳೆದವನು ಆಕೆಯ ರಾಜ್ಮಾ ಎಂಬ ಕೆಂಪು ಬೀಜದ ಗೊಜ್ಜಿಗೆ ತಲೆಯಾಡಿಸಿದೆ. ಕಾಫಿ ಎಂದು ಕೊಟ್ಟದ್ದು ಬಿಸಿ ಹಾಲಿನ ನೊರೆ. ನಮ್ಮ ಕಾಫಿ ಗಿಡಗಳನ್ನು ಇವರಿಗಾಗಿ ಚಿಗುರು ತೆಗೆದು ನೆರಳು ಕಡಿದು ಸಾಕುತ್ತೇವಲ್ಲ, ಸಿಟ್ಟು ಬಂತು.

ಮೆಟ್ರೋ ಖರ್ಚಿನ ಅಂದಾಜು ಹಾಕಿದ್ದು ನಾನೇ. ಮನೆ ತೋರಿಸಿದ ದಲ್ಲಾಳಿ ಏನೋ ಹೇಳಲು ಬಂದ, ನಿನ್ನ ಕೆಲಸ ನೋಡಯ್ಯ ಎಂದು ಅವನ ಬಾಯಿ ಮುಚ್ಚಿಸಿದೆ. ಮನೆಯಿಂದ ಆಸ್ಪತ್ರೆಗೆ ಹೆಚ್ಚುಕಮ್ಮಿ ಸಕಲೇಶಪುರದಿಂದ ಹಾನುಬಾಳಿಗೆ ಇರುವಷ್ಟೇ ದೂರ. ಸ್ಟೇಷನ್ನಿನ ಬೋರ್ಡು ನೋಡಿದೆ, ಟಿಕೆಟ್ ನಲವತ್ತು ರೂಪಾಯಿಯ ಆಚೀಚೆ. ಹೋಗಿ ಬರಲು ಅದರ ಎರಡರಷ್ಟು. ಕಾರ್ಡು ಮಾಡಿಸಿದರೆ ಹತ್ತರಲ್ಲೊಂದು ಭಾಗ ಕಡಿತ, ಜನ ಕಡಿಮೆ ಇರುವ ಹೊತ್ತಿನಲ್ಲಿ ಇನ್ನೂ ಒಂದಿಷ್ಟು. ತಿಂಗಳಿಗೆ ಇಪ್ಪತ್ತಾರು ಡ್ಯೂಟಿ. ಬೆರಳು ಕೂಡ ಮಡಚದೆ ಹೇಳಿದೆ: “ಬಾಡಿಗೆನಾಗೆ ಉಳಿಯೋದ್ರಲ್ಲಿ ಅರ್ಧನೂ ಇದಕ್ಕೆ ಹೋಗಲ್ಲ ಕಣೆ. ಬಾಕಿದು ಕೈಯಾಗೆ.” ಹೆಂಗಸರಿಗೆ ಇಲ್ಲೂ ಸರ್ಕಾರಿ ಬಸ್ಸು ಬಿಟ್ಟಿಯಂತೆ ಎಂದಳು ಶಶಿ. ನನ್ನ ಅನ್ನ ತಿಂದ ಬಸ್ಸಿಗೆ ನನ್ನ ಹೆಂಡತಿ ಹತ್ತುವುದು ಬೇಡ ಎಂದು ಎಗರಾಡಿದೆ.

ಆ ಅಂದಾಜಿನ ಯೋಗ್ಯತೆ ಒಂದೇ ವಾರದಲ್ಲಿ ಗೊತ್ತಾಯಿತು. ಮನೆಯಿಂದ ಸ್ಟೇಷನ್ನಿಗೆ ಎರಡು ಹೆಜ್ಜೆ ಎಂದುಕೊಂಡಿದ್ದು ಅರ್ಧ ಗಂಟೆಯ ನಡಿಗೆ. ಬೆಂಕಿಯಂಥ ಬಿಸಿಲಿನಲ್ಲಿ ಯಾರು ನಡೆಯುತ್ತಾರೆ? ಬ್ಯಾಟರಿ ರಿಕ್ಷಾ ಹತ್ತಬೇಕು. ಅದರ ಡ್ರೈವರುಗಳು ಪ್ರಯಾಣಿಕನನ್ನು ‘ಸವಾರಿ’ ಎನ್ನುತ್ತಾರೆ, ನಾಲ್ಕು ಸವಾರಿ ತುಂಬಿದರೆ ಗಾಡಿ ತುಂಬಿತು ಎಂದು ಬೀಗುತ್ತಾರೆ. ವನಗೂರಿನ ಜೀಪಿನವನು ಏರುದಾರಿಯಲ್ಲಿ ಹದಿನಾಲ್ಕು ಜನರನ್ನು, ಮೇಲೆ ಎರಡು ಮೂಟೆ ಮೆಣಸನ್ನು ಸಾಗಿಸುವುದನ್ನು ಇವರು ನೋಡಬೇಕಿತ್ತು. ಆಸ್ಪತ್ರೆಯ ಕಡೆಯೂ ಹಾಗೆಯೇ, ಸ್ಟೇಷನ್ನಿನಿಂದ ಗೇಟಿಗೆ ಇನ್ನೊಂದು ರಿಕ್ಷಾ. ಜನ ಕಡಿಮೆ ಇರುವ ಹೊತ್ತಿನ ರಿಯಾಯಿತಿ ಶಶಿಯ ಪಾಳಿಗೆ ಒಂದು ದಿನವೂ ಹೊಂದಲಿಲ್ಲ. ಇಷ್ಟಾದರೂ ತಪ್ಪು ನನ್ನದೆಂದು ಒಪ್ಪಿಕೊಳ್ಳಲಿಲ್ಲ, ಊರೇ ಸರಿಯಿಲ್ಲ ಎಂದೆ.

ಊರು ಸರಿಯಿಲ್ಲದ್ದೂ ನಿಜವೇ. ಒಂದು ಡಬ್ಬಿಯಲ್ಲಿ ಮುನ್ನೂರು ಜನ ನಿಂತಿರುತ್ತಾರೆ, ಒಬ್ಬರಿಗೊಬ್ಬರು ಎಲ್ಲಿಗೆ ಎಂದು ಕೇಳುವುದಿಲ್ಲ. ಕಿವಿಗೆ ಬಿರಡೆ ಹಾಕಿಕೊಂಡು ಫೋನು ತೀಡುತ್ತಾರೆ. ಹಳದಿ ಗೆರೆ ದಾಟಬೇಡಿ, ನೆಲದ ಮೇಲೆ ಕೂರಬೇಡಿ ಎಂದು ಒಬ್ಬ ಕಾಣದ ಗಂಡಸು, ಒಬ್ಬಳು ಕಾಣದ ಹೆಂಗಸು ಇಡೀ ದಿನ ಬುದ್ಧಿ ಹೇಳುತ್ತಾರೆ. ನಮ್ಮ ಬಸ್ಸು ಹೆಗ್ಗದ್ದೆಯ ಕಡೆಯವರ ಮದುವೆ ದಿಬ್ಬಣ ಹೊತ್ತು ಹೋದಾಗ ಇಳಿಯುವ ಹೊತ್ತಿಗೆ ಇನ್ನೆರಡು ಸಂಬಂಧ ಕುದುರಿರುತ್ತಿದ್ದವು. ಇಲ್ಲಿ ಆರು ತಿಂಗಳು ಒಂದೇ ರೈಲಿನಲ್ಲಿ ಓಡಾಡಿದರೂ ನನ್ನ ಹೆಸರು ಒಬ್ಬರಿಗೂ ಗೊತ್ತಿಲ್ಲ. ಹೇಳಿಕೊಳ್ಳುವಂಥ ಗೆಲುವು ಒಂದೇ. ಹುಬ್ಬಳ್ಳಿಯ ಕಡೆಯ ಒಂದು ಕುಟುಂಬ ಗಲಿಬಿಲಿಯಾಗಿ ನಿಂತಿತ್ತು. ರೈಲಿಗೆ ಇಷ್ಟು, ಎರಡು ಬದಿಯ ರಿಕ್ಷಾಕ್ಕೆ ಇಷ್ಟು ಎಂದು ನಾಲ್ಕು ಆಳಿನ ಖರ್ಚನ್ನು ಒಂದೇ ಉಸಿರಿನಲ್ಲಿ ಹೇಳಿದೆ. ಕೌಂಟರಿನವನು ಯಂತ್ರ ಒತ್ತಿ ರೈಲಿನ ದರ ಅದನ್ನೇ ಹೇಳಿದ. ಅವತ್ತು ಎರಡು ಲೋಟ ಕಾಫಿ ಮಾಡಿಕೊಂಡು ಕುಡಿದೆ.

ಒಂದು ಭಾನುವಾರ ಮಧ್ಯಾಹ್ನ, ಶಶಿಗೆ ರಜೆ. ತಾರಸಿಯ ನೆರಳಲ್ಲಿ ಕೂತು ಮೆಂತ್ಯ ಸೊಪ್ಪು ಬಿಡಿಸುತ್ತಿದ್ದವಳು ಫೋನಿನಲ್ಲಿ ನಮ್ಮಿಬ್ಬರ ಕಾರ್ಡುಗಳ ಓಡಾಟ ತೆಗೆದು ತೋರಿಸಿದಳು.

“ನೋಡ್ರಿ, ನನ್ ಕಾರ್ಡಿಗಿಂತ ನಿಮ್ದೇ ಜಾಸ್ತಿ ಓಡೈತೆ.”

ನಿಜ. ಸಂಜೆ ಪಾಳಿ ಇದ್ದಾಗ ಅವಳನ್ನು ಬಿಟ್ಟು ಬಂದು, ರಾತ್ರಿ ಕರೆತರಲು ಮತ್ತೆ ಆಸ್ಪತ್ರೆಯ ಗೇಟಿಗೆ ಹೋಗುತ್ತಿದ್ದೆ. ಬೆಳಗಿನ ಪಾಳಿಗೂ ಕೆಲವು ಸಲ ಜೊತೆಗೆ ಹೋಗಿ, ಮಾಡಲು ಕೆಲಸವಿಲ್ಲದೆ ವಾಪಸು ಬರುತ್ತಿದ್ದೆ.

“ಅಂದಾಜ್ ಹಾಕ್ದಾಗ ನಿಮ್ಮ ಟಿಕೆಟ್ ಎಲ್ಲಿ ಬುಟ್ರಿ?”

“ಮರ್ತೋಯ್ತು ಕಣೆ. ಹದಿನೆಂಟ್ ವರ್ಷ ನಾನು ಟಿಕೆಟ್ ತಗಂಡು ಬಸ್ ಹತ್ತಿದೀನಾ? ಕಂಡಕ್ಟರ್ ತನ್ನ ತಲೆನ ಎಣಿಸ್ಕಂತಾನಾ?” ಎಂದು ನಗಿಸಲು ನೋಡಿದೆ.

ಅವಳು ನಗಲಿಲ್ಲ. “ಮರ್ತಿದ್ದಲ್ಲ ಅದು. ನಾನು ಒಬ್ಳೇ ಇಲ್ಲಿದ್ರೆ ಎಷ್ಟಾಗ್ತದೆ ಅಂತ ನೋಡಿದೀರ. ಓನರ್ ಫೋನ್ ಬಂದ ತಕ್ಷಣ ಹೊಂಟೋಗ್ಬುಡ್ತೀರ. ಬಂದಾಗಿಂದ ಈ ಊರನ್ನ ಬಯ್ತಾನೇ ಇದೀರ, ಆ ಬೈಗುಳ ಎಲ್ಲ ನನ್ ಕೆಲಸಕ್ಕೇ ಬೀಳ್ತದೆ ಕಣ್ರೀ. ನರ್ಸುಗಳ ಹಾಸ್ಟೆಲ್‌ನಾಗೆ ಜಾಗ ಖಾಲಿ ಐತಂತೆ, ಒಬ್ಬೊಬ್ಬರಿಗೆ ಮಾತ್ರ, ಗಂಡನ್ನ ಇಟ್ಕಳಂಗಿಲ್ಲ. ಈ ತಿಂಗ್ಳು ಕೊನೆಗೆ ಅರ್ಜಿ ಕೊಡ್ಬೇಕು. ಕೊಡ್ಲೋ ಬೇಡ್ವೋ, ಹೇಳ್ಬುಡಿ.”

ಅವಳು ಹೇಳಿದ್ದು ಸರಿಯಾಗಿಯೇ ಇತ್ತು. ನಾನು ನನ್ನನ್ನು ಈ ಊರಿನಲ್ಲಿ ಒಂದು ದಿನವೂ ಎಣಿಸಿಕೊಂಡಿರಲಿಲ್ಲ. ಚಪ್ಪಲಿಯನ್ನು ಕೂಡ ಬಾಗಿಲ ಕಡೆ ಮುಖ ಮಾಡಿ ಬಿಡುತ್ತಿದ್ದೆ. ನಾಚಿಕೆಯಾಯಿತು, ಹೆದರಿಕೆಯೂ ಆಯಿತು. ಅವಳು ಅರ್ಜಿ ಕೊಟ್ಟೇಬಿಟ್ಟರೆ ನಾನು ಹಾನುಬಾಳಿನಲ್ಲಿ ಯಾರಿಗೆ ಅನ್ನ ಮಾಡಿ ಹಾಕಲಿ, ಯಾರ ಹತ್ತಿರ ಜಗಳ ಆಡಲಿ?

ಆಸ್ಪತ್ರೆಯ ಹತ್ತಿರದ ಪಾರ್ಕಿಂಗ್ ಜಾಗದಲ್ಲಿ ಚೀಟಿ ಹರಿಯಲು ಒಬ್ಬರು ಬೇಕಂತೆ ಎಂದು ಅವಳೇ ಹಿಂದೆ ಹೇಳಿದ್ದಳು. ಓಡದ ಗಾಡಿಗೆ ಟಿಕೆಟ್ ಕೊಡುವ ಕೆಲಸ ಕಂಡಕ್ಟರಿಗೆ ಬೇಡ ಎಂದು ಆಗ ಮುಖ ತಿರುಗಿಸಿದ್ದೆ. ಮಾರನೇ ದಿನ ಹೋಗಿ ಕೇಳಿದೆ, ಕೊಟ್ಟರು. ಇಡೀ ದಿನ ಬಿಸಿಲಿನಲ್ಲಿ ನಿಂತ ಕಾರುಗಳ ನಡುವೆ ನಾನೂ ನಿಂತಿರುತ್ತೇನೆ. ಹೀನ ಕೆಲಸ, ಅದರಲ್ಲಿ ಎರಡು ಮಾತಿಲ್ಲ. ಆದರೂ ಶಶಿಗೆ ಉತ್ತರ ಹೇಳಿರಲಿಲ್ಲ. ತಿಂಗಳ ಕೊನೆಗೆ ಇನ್ನೂ ಹತ್ತು ದಿನವಿತ್ತು.

ಆ ಹತ್ತು ದಿನದೊಳಗೇ ಓನರ್ ಫೋನು ಬಂತು. ಒಂದು ಕೆಂಪು ಕಾರಿಗೆ ಚೀಟಿ ಹರಿಯುತ್ತಿದ್ದೆ.

“ಬಸ್ ಬಂತು ಕಣಪ್ಪ. ಸೋಮವಾರದಿಂದ ರೂಟ್ ಸುರು. ಬತ್ತೀಯಾ?”

ಹಾನುಬಾಳಿನ ಸಂತೆ ದಿನ, ಬಾಗಿಲ ಕಂಬಿ, ಮುಖಕ್ಕೆ ಬಡಿಯುವ ಕಾಫಿ ಹೂವಿನ ಗಾಳಿ ಎಲ್ಲ ಒಟ್ಟಿಗೇ ನೆನಪಿಗೆ ಬಂದವು. “ಆಗಕ್ಕಿಲ್ಲ ಓನರ್ರೆ, ಹೆಂಡ್ರು ಇಲ್ಲೇ ಕೆಲಸದಾಗವ್ಳೆ” ಎಂದೆ. ಇಲ್ಲಿ ಒಂದು ಸತ್ಯ ಹೇಳಿಬಿಡುತ್ತೇನೆ. ನಮ್ಮ ಕಡೆ ಊಟಕ್ಕೆ ಕರೆದರೂ ಮೊದಲನೇ ಸಲಕ್ಕೆ ಯಾರೂ ಹೂಂ ಎನ್ನುವುದಿಲ್ಲ. ಬೇಡ ಎನ್ನಬೇಕು, ಅವರು ಕೈ ಹಿಡಿದು ಎಳೆಯಬೇಕು, ಮೂರನೇ ಸಲಕ್ಕೆ ಎಲೆಯ ಮುಂದೆ ಕೂರಬೇಕು. ಎರಡನೇ ಸಲ ಕರೆದಿದ್ದರೆ ಏನು ಹೇಳುತ್ತಿದ್ದೆನೋ ನನಗೇ ಗೊತ್ತಿಲ್ಲ.

“ಹಂಗಾ? ಆಯ್ತು ಬುಡಪ್ಪ, ಬೇರೆಯವ್ರನ್ನ ನೋಡ್ತೀನಿ” ಎಂದು ಓನರ್ರು ಇಟ್ಟುಬಿಟ್ಟರು.

ಫೋನು ಕಿವಿಯ ಹತ್ತಿರವೇ ಇತ್ತು. ಕೆಂಪು ಕಾರಿನವನು “ಭೈಯಾ, ಚೀಟಿ” ಎಂದು ಎರಡು ಸಲ ಕೂಗಿದ.

ಸಂಜೆ ಶಶಿ ಡ್ಯೂಟಿ ಮುಗಿಸಿ ಬಂದಳು. ಇಬ್ಬರೂ ರೈಲಿನಲ್ಲಿ, ಗಂಡಸರೂ ಹೆಂಗಸರೂ ಒಟ್ಟಿಗೆ ಹತ್ತುವ ಡಬ್ಬಿಯಲ್ಲಿ, ಕಂಬಿ ಹಿಡಿದು ನಿಂತೆವು. ಹಾಸ್ಟೆಲ್ಲಿಗೆ ಅರ್ಜಿ ಕೊಡಬೇಡ ಎಂದೆ. ಓನರ್ರು ಕರೆದಿದ್ದರು, ಬಹಳ ಗೋಗರೆದರು, ನೀನಿಲ್ಲದೆ ಬಸ್ಸು ಓಡುವುದಿಲ್ಲ ಎಂದು ನಾಲ್ಕು ಸಲ ಹೇಳಿದರು, ಆದರೂ ನಾನು ಒಪ್ಪಲಿಲ್ಲ ಎಂದೆ. ಓನರ್ರನ್ನು ಶಶಿಯೂ ಬಲ್ಲಳು, ಯಾರನ್ನೂ ಎರಡನೇ ಸಲ ಕರೆಯುವವರಲ್ಲ. “ಹೌದಾ” ಎಂದಷ್ಟೇ ಹೇಳಿ, ಕಂಬಿಯ ಮೇಲಿದ್ದ ನನ್ನ ಕೈಯ ಮೇಲೆ ತನ್ನ ಕೈ ಇಟ್ಟಳು.

ಈಗ ಆ ಬಸ್ಸಿನಲ್ಲಿ ಬೇರೆ ಯಾರೋ ಟಿಕೆಟ್ ಹರಿಯುತ್ತಿದ್ದಾನೆ. ನೀವು ಹಾನುಬಾಳಿನಲ್ಲಿ ಹತ್ತಿದಾಗ ಅವನೋ ಡ್ರೈವರೋ ನನ್ನ ಸುದ್ದಿ ಎತ್ತಿದರೆ, ಓನರ್ರು ಎಷ್ಟು ಕರೆದರೂ ಬರಲಿಲ್ಲವಂತೆ ಎಂದು ದಯವಿಟ್ಟು ಹೇಳಿ.