ಇವತ್ತು ನಾನಿಲ್ಲ

ಪಿಂಚಣಿದಾರನಾದ ಮೇಲೆ ವರ್ಷಕ್ಕೊಮ್ಮೆ ಬದುಕಿದ್ದೇನೆಂದು ಒಪ್ಪಿಸಿ ಬರಬೇಕಾಗುತ್ತದೆ. ಮನೆಯಲ್ಲಿ ಅದಕ್ಕೆ ಯಾರೂ ಸಾಕ್ಷಿ ಕೇಳುವುದಿಲ್ಲ, ನನ್ನ ಗೊಣಗಾಟವೇ ಸಾಕು. ಆದರೆ ಚಳ್ಳಕೆರೆಯ ಬ್ಯಾಂಕಿನಲ್ಲಿ ಹೆಬ್ಬೆರಳೊತ್ತುವ ಯಂತ್ರ ಮೊನ್ನೆ ನನ್ನ ಗುರುತು ಒಪ್ಪದೆ ನನ್ನನ್ನು ಸತ್ತವರ ಜೊತೆ ಸೇರಿಸಿಬಿಟ್ಟಿತ್ತು. ಬೆರಳು ಒರೆಸಿಕೊಳ್ಳುತ್ತ ನಿಂತಾಗ ಸಾಲಿನ ಹಿಂದಿನಿಂದ ಕಂಬಳಿಯ ವಾಸನೆ ಬಂತು. ನೀರು ಬಿದ್ದು ಆರಿದ ಕುರಿಯುಣ್ಣೆಯ ಒಗರು ವಾಸನೆ. ತಿರುಗಿ ನೋಡುವ ಮೊದಲೇ ನಾನು ಹಳೆಯ ಮೊಳಕಾಲ್ಮೂರಿನಲ್ಲಿದ್ದೆ.

ಅಲ್ಲಿಯ ಸರ್ಕಾರಿ ಕಚೇರಿಯೊಂದರಲ್ಲಿ ನಾನು ಗುಮಾಸ್ತ. ಕೊಂಡ್ಲಹಳ್ಳಿ ಕಡೆಯ ಕುರಿ ಕಾಯುವ ಮನೆಯ ಓಬಮ್ಮ ಅಲ್ಲಿ ನೀರು ತುಂಬುವ ಹಂಗಾಮಿ ಕೆಲಸದವಳು. ಆ ಹಂಗಾಮಿನಲ್ಲೇ ಆಕೆಯ ತಲೆ ನೆರೆಯಿತು. ಸೇವೆ ಎಡೆಬಿಡದೆ ಸಾಗಿದರೆ ಕಾಯಂ ಮಾಡಿ, ಪಿಂಚಣಿ ಕೊಡಿ ಎಂದು ಕೇಳುವ ಹಕ್ಕು ಹುಟ್ಟುತ್ತದಲ್ಲ, ಅದು ಹುಟ್ಟದಿರಲೆಂದು ಕೆಲವು ತಿಂಗಳಿಗೊಮ್ಮೆ ಆಕೆಗೆ ಒಂದು ದಿನ 'ಬ್ರೇಕು' ಕೊಡುತ್ತಿದ್ದರು. ಇದನ್ನು ಓಬಮ್ಮನಿಗೆ ಹೇಗೆ ತಿಳಿಸುವುದು? ನಮ್ಮ ಹೆಡ್ ಕ್ಲರ್ಕು ಸುಲಭ ಮಾಡಿದರು.

"ಓಬವ್ವ, ನಾಳೆ ನೀನು ಇಲ್ಲ."

ಆಕೆ ಅದನ್ನು ಅಕ್ಷರಶಃ ನಂಬಿದಳು. ಮಾರನೆಯ ದಿನ ಬಂದಳು, ಆದರೆ ಕಚೇರಿಯ ಹೊಸಿಲು ದಾಟಲಿಲ್ಲ. ಎದುರಿನ ಬೇವಿನ ಮರದಡಿ ಕಂಬಳಿ ಹಾಸಿ, ಮನೆಯಿಂದ ತಂದ ಕೊಡ ಇಟ್ಟುಕೊಂಡು ಕೂತಳು. ಬಿಸಿಲಲ್ಲಿ ನಡೆದು ಬಂದವರನ್ನು ಗಡಿಸೀಮೆಯ ತೆಲುಗು ಬೆರೆಸಿ, ಬಾರಪ್ಪ ಎಂದು ಕರೆಯುತ್ತಿದ್ದಳು.

"ರಾ ನಾಯನಾ, ನೀರು ಕುಡಿ. ಒಳಗೆ ಕೇಳ್ಬ್ಯಾಡ, ಇವತ್ತು ನಾನಿಲ್ಲ."

ನನಗೆ ನಗು ತಡೆಯಲಿಲ್ಲ. "ಇಲ್ಲದೋಳು ಯಾಕೆ ಬಂದ್ಯವ್ವ?" ಎಂದೆ.

"ನಾನಿಲ್ಲ ಅಂದ್ರೆ ಜನಕ್ಕೆ ಬಾಯಾರಿಕೇನೂ ಇರಲ್ವೇನಪ್ಪ?"

ನಗು ಅಲ್ಲೇ ನಿಂತಿತು. ಹಾಜರಿ ಹಾಕಿ ಚಹಾದಂಗಡಿಯಲ್ಲಿ ಕೂತರೂ ನಾನು 'ಇದ್ದೇನೆ', ಏಕೆಂದರೆ ನಾನು ಕಾಯಂ. ಅಲ್ಲಿಯ ಮೆಣಸಿನಕಾಯಿ ಬಜ್ಜಿಯನ್ನು ಬಿಟ್ಟು ಏಳುವುದು ಯಾರಿಂದಲೂ ಆಗುತ್ತಿರಲಿಲ್ಲ, ಆ ಮಾತು ಬಿಡಿ. ಮುಂದಿನ ಬ್ರೇಕುಗಳಲ್ಲೂ ಓಬಮ್ಮ ಆ ಮರದಡಿಯೇ ಕೂತಳು.

ವಯಸ್ಸಾಯಿತೆಂದು ಓಬಮ್ಮನನ್ನು ಮನೆಗೆ ಕಳಿಸುವಾಗ ಪಿಂಚಣಿ ಬರುವುದಿಲ್ಲ, ಸೇವೆ ನಡುನಡುವೆ ಕಡಿದಿದೆ ಎಂದರು. ನೌಕರರ ಸಂಘದವರು ಅರ್ಜಿ ಹಾಕಿಸಿದರು. ಚಿತ್ರದುರ್ಗದಿಂದ ವಿಚಾರಣೆಗೆ ಸಾಹೇಬರೊಬ್ಬರು ಬಂದರು.

"ಬ್ರೇಕಿನ ದಿನ ಕೂಡ ಇಲ್ಲಿ ಇದ್ರೇನಮ್ಮ?"

'ಇದ್ದೆ' ಎಂದರೆ ಸಾಕಿತ್ತು. ಬಾಗಿಲ ಬಳಿ ನಾನು ನಿಂತಿದ್ದೆ.

"ಇರ್ಲಿಲ್ಲ ಸ್ವಾಮಿ," ಎಂದಳು ಓಬಮ್ಮ.

ನಾನು ಎಚ್ಚರಿಸಲು ಜೋರಾಗಿ ಕೆಮ್ಮಿದೆ. ಆಕೆ ತಿರುಗಿ, "ನೀರು ಬೇಕೇನಪ್ಪ?" ಎಂದಳು.

"ಹಾಗಾದ್ರೆ ಎಲ್ಲಿದ್ರಿ?" ಸಾಹೇಬರು ಕೇಳಿದರು.

"ಆ ಬೇವಿನ ಮರದ ಕೆಳಗೆ. ಬಂದೋರಿಗೆ ನೀರು ಕೊಡ್ತಿದ್ದೆ. ನಾನಿಲ್ಲ ಅಂತ ಈ ಆಫೀಸ್ನೋರೇ ಹೇಳಿದ್ರಲ್ಲ, ಅದುಕ್ಕೆ ಒಳಗೆ ಬರ್ತಿರ್ಲಿಲ್ಲ."

"ನೀವೇ ಇಲ್ಲ ಅಂದ್ಮೇಲೆ ನೀರು ಕೊಟ್ಟೋರು ಯಾರಮ್ಮ?"

"ಅದನ್ನ ನೀವೇ ಹೇಳ್ಬೇಕು ಸ್ವಾಮಿ."

ಸಾಹೇಬರು ಪೆನ್ನು ಕೆಳಗಿಟ್ಟರು. ಅಲ್ಲೇ ಹತ್ತಿರದ ಸಿದ್ದಾಪುರದ ಬಂಡೆಗಳ ಬುಡದಲ್ಲಿ ನಿಂತು ಕತ್ತೆತ್ತಿದರೆ ನಾವೆಷ್ಟು ಸಣ್ಣವರು ಅನ್ನಿಸುತ್ತದಲ್ಲ, ಕೃಶವಾದ ಆ ಹೆಂಗಸಿನ ಮುಂದೆ ಆವತ್ತು ನನಗೆ ಹಾಗೆ ಅನ್ನಿಸಿತು. ಪಿಂಚಣಿ ಕೈತಪ್ಪುವಂತಿದ್ದರೂ ಆಕೆ ಒಂದು ಸುಳ್ಳು ಸೇರಿಸಲಿಲ್ಲ, ಒಂದು ನಿಜ ಬಿಡಲಿಲ್ಲ. ಸಾಹೇಬರು ಕಾಗದ ಮಡಚಿಕೊಂಡು ಎದ್ದು ಹೋದರು. ಆ ತಿಂಗಳೇ ನನಗೆ ಚಳ್ಳಕೆರೆಗೆ ವರ್ಗವಾಯಿತು. ಆಕೆಯ ಅರ್ಜಿ ಏನಾಯಿತೆಂದು ತಿಳಿಯಲೇ ಇಲ್ಲ.

ಮೊನ್ನೆ ಕೊನೆಗೂ ಯಂತ್ರ ನನ್ನನ್ನು ಬದುಕಿಸಿತು. ತಿರುಗಿ ನೋಡಿದೆ. ಕಂಬಳಿಯೊಳಗೆ ಓಬಮ್ಮ, ಕೈಯಲ್ಲಿ ಪಿಂಚಣಿ ಪುಸ್ತಕ! ಅಂದರೆ ಸಾಹೇಬರು ಮರದಡಿಯ ದಿನಗಳನ್ನೂ ಲೆಕ್ಕಕ್ಕೆ ಹಿಡಿದಿದ್ದರು. ಆಕೆ ನನ್ನನ್ನು ನೋಡಿ ನಕ್ಕು ಕೌಂಟರಿಗೆ ಹೋದಳು. ಬಾವಿಹಗ್ಗ ಎಳೆದು ಸವೆದ ಆ ಹೆಬ್ಬೆರಳನ್ನು ಯಂತ್ರ ಮತ್ತೆ ಮತ್ತೆ ಒಲ್ಲೆ ಎಂದಿತು.

"ಅಜ್ಜಿ, ನೀವಿಲ್ಲ ಅಂತ ತೋರಿಸ್ತೈತೆ," ಎಂದಳು ಅಲ್ಲಿದ್ದ ಹುಡುಗಿ.

ಓಬಮ್ಮ ಕಂಬಳಿ ಸರಿಮಾಡಿಕೊಂಡು ನೆಟ್ಟಗೆ ನಿಂತಳು.

"ಸರಿಯಾಗಿ ನೋಡವ್ವ. ಇವತ್ತು ನಾನಿದ್ದೀನಿ."

ಹುಡುಗಿ ಯಂತ್ರ ಬಿಟ್ಟು ಆಕೆಯ ಮುಖ ನೋಡಿದಳು. ನಾನು ಹೋಗಿ ಓಬಮ್ಮನ ಪಕ್ಕದಲ್ಲಿ ನಿಂತೆ.