ಮೇಲಿನ ಬೀದಿಗೆ ನೀರು ಬಿಡುವವಳು

ಇನ್ನೂ ಬೆಳಕು ಹರಿದಿಲ್ಲ. ರಸ್ತೆ ಮಧ್ಯದ ಗುಂಡಿಯ ಮುಚ್ಚಳ ಸರಿಸಿ, ಉದ್ದನೆಯ ಕಬ್ಬಿಣದ ಚಾವಿ ಇಳಿಸಿ, ಅದರ ತುದಿಗೆ ಕಿವಿಯಿಟ್ಟು ಆಕೆ ನಿಂತಿದ್ದಾರೆ. ಕೊಳವೆಯೊಳಗೆ ನೀರು ಬಂದ ಸದ್ದಾದದ್ದೇ ತಡ, ಎರಡೂ ಕೈಯಿಂದ ಚಾವಿ ತಿರುಗಿಸುತ್ತಾರೆ. "ನೀರಕ್ಕ ಬಂದ್ಲು!" ಎಂದು ಮೇಲಿನ ಬೀದಿಯಲ್ಲಿ ಯಾರೋ ಕೂಗುತ್ತಾರೆ. ಕೊಡಗಳ ಸದ್ದು ಶುರುವಾಗುತ್ತದೆ.

ನೀರು ಸರಬರಾಜು ಇಲಾಖೆಯಲ್ಲಿ ವಾಲ್ವ್ ತಿರುಗಿಸುವ ಈ ಹೆಂಗಸು ಇಲಾಖೆಯ ಮೇಲೇ ಕೋರ್ಟಿಗೆ ಹೋಗಿ ಗೆದ್ದು ಬಂದವರು ಎಂದರೆ ನೋಡಿದವರು ನಂಬುವುದಿಲ್ಲ. ನಂಬದಿದ್ದರೆ ಬಿಡಲಿ.

ತಕರಾರು ಹುಟ್ಟಿದ್ದು ಕೆಳಗಿನ ಬೀದಿಯ ಬಂಗಲೆಯಲ್ಲಿ. ಹುಲ್ಲುಹಾಸು ಒಣಗುತ್ತಿದೆ, ನಮ್ಮ ಕಡೆ ಇನ್ನಷ್ಟು ಹೊತ್ತು ಬಿಡು ಎಂದರು ಇಲಾಖೆಯ ಕಾಮಗಾರಿಗಳನ್ನೇ ಹಿಡಿದಿದ್ದ ಅಲ್ಲಿನ ಗುತ್ತಿಗೆದಾರರು. ಹಾಗೆ ಬಿಟ್ಟರೆ ಮೇಲಿನ ಬೀದಿಗೆ ನೀರು ಏರುವುದೇ ಇಲ್ಲ. "ಆಗಲ್ಲ ಸಾರ್" ಎಂದರು ಇವರು. ವಾರ ಕಳೆಯುವುದರೊಳಗೆ ವರ್ಗಾವಣೆ ಆದೇಶ ಬಂತು. ಕಾರಣ, ಆಡಳಿತದ ಹಿತದೃಷ್ಟಿಯಂತೆ. ಎಲ್ಲಿಗೆ? ಹಳೇ ಮೀಟರುಗಳನ್ನು ಗುಡ್ಡೆ ಹಾಕಿದ ಉಗ್ರಾಣಕ್ಕೆ. ಅಲ್ಲಿ ವಾಲ್ವ್ ಹಾಗಿರಲಿ, ಕೈ ತೊಳೆಯಲು ನಲ್ಲಿಯೂ ಇಲ್ಲ! ಎಂಥಾ ಹಿತವೋ, ಎಂಥಾ ದೃಷ್ಟಿಯೋ.

ಬಂಗಲೆಗೆ ಹೋಗಿ ಕೈಕಾಲು ಹಿಡಿ ಎಂದರು ಜೊತೆಯವರು. ಟೈಲರ್ ಕೆಲಸದ ಗಂಡ, "ಊರ ಉಸಾಬರಿ ನಮಗ್ಯಾಕೆ?" ಎಂದರು. ಅತ್ತೆಯ ಚಿಂತೆಯೇ ಬೇರೆ: "ಸೊಸೆ ಕೋರ್ಟಿಗೆ ಹೋದ್ಲು ಅಂದ್ರೆ, ನನ್ನ ಮೇಲೇ ಕೇಸ್ ಹಾಕಿದಾಳೆ ಅಂದ್ಕೋತಾರೆ ಜನ!"

"ಅತ್ತೆ ಮಾತಿಗೆ ನಗು ಬಂತು," ಎನ್ನುತ್ತಾರೆ ಆಕೆ. "ಆದ್ರೆ ಸಿಟ್ಟು ಇಳಿದಿರ್ಲಿಲ್ಲ. ತಪ್ಪು ಮಾಡಿದ್ರೆ ಶಿಕ್ಷೆ ಕೊಡ್ಲಿ. ತಪ್ಪೇ ಮಾಡ್ದೆ ನಾನ್ಯಾಕೆ ತಲೆ ತಗ್ಗಿಸ್ಲಿ?"

ಕೊನೆಗೆ ಆಕೆ ಒಬ್ಬ ವಕೀಲರಮ್ಮನ ಬಳಿ ಹೋದರು. ಅವರು ಮೊದಲೇ ಎಚ್ಚರಿಸಿದರು: ವರ್ಗಾವಣೆ ವಿಷಯದಲ್ಲಿ ಕೋರ್ಟು ಸುಮ್ಮಸುಮ್ಮನೆ ಕೈ ಹಾಕುವುದಿಲ್ಲ, ದ್ವೇಷದಿಂದ ಮಾಡಿದ್ದೆಂದು ತೋರಿಸಬೇಕು, ಅಲ್ಲಿಯವರೆಗೆ ಕೆಲಸಕ್ಕೆ ಚಕ್ಕರ್ ಹೊಡೆಯುವಂತಿಲ್ಲ. ಹಾಗಾಗಿ ಚಾವಿ ಒಪ್ಪಿಸಿ, ಹಲ್ಲು ಕಚ್ಚಿಕೊಂಡು ಉಗ್ರಾಣದಲ್ಲಿ ಕೂತರು. ಚಾವಿ ಸೇರಿದ್ದು ಯಾರ ಕೈಗೆ? ಅದೇ ಬಂಗಲೆಯ ಕಾವಲುಗಾರನಿಗೆ! ತಾತ್ಕಾಲಿಕ ನೇಮಕವಂತೆ. ಇಲಾಖೆ ಎಡವಿದ್ದು ಇಲ್ಲೇ. ಮೇಲಿನ ಬೀದಿಯ ನಲ್ಲಿಗಳು ಒಣಗಿದವು. ಅಲ್ಲಿನ ಹೆಂಗಸರು ನಡೆದದ್ದನ್ನೆಲ್ಲ ಕೋರ್ಟಿಗೆ ಪ್ರಮಾಣ ಮಾಡಿ ಬರೆದುಕೊಟ್ಟರು.

ಸರ್ಕಾರಿ ವಕೀಲರು 'ತುರ್ತು ಅಗತ್ಯ' ಎಂದಾಗ ನ್ಯಾಯಮೂರ್ತಿಗಳು ಕೇಳಿದರು: "ನಲ್ಲಿಯೇ ಇಲ್ಲದ ಜಾಗದಲ್ಲಿ ನೀರು ಬಿಡೋರ ತುರ್ತು ಏನಿತ್ತು?" ವರ್ಗ ಮಾಡುವುದು ಸರ್ಕಾರದ ಅಧಿಕಾರ, ಆದರೆ ಸೇಡಿಗೆ ಆ ಹೆಸರು ಕೊಡುವಂತಿಲ್ಲ ಎಂದು ಕೋರ್ಟು ಆದೇಶವನ್ನು ರದ್ದು ಮಾಡಿತು.

ಮತ್ತೆ ವರ್ಗ ಮಾಡಿದರೆ? "ಮಾಡ್ಲಿ. ನ್ಯಾಯವಾಗಿದ್ರೆ ಗಂಟುಮೂಟೆ ಕಟ್ತೀನಿ. ಇಲ್ಲಾಂದ್ರೆ ಕೋರ್ಟಿನ ದಾರಿ ಈಗ ಗೊತ್ತಲ್ಲ."

ಬೆಳಕಾಗಿದೆ. ಮುಂದಿನ ಗುಂಡಿ ಬಂಗಲೆಯ ಎದುರೇ ಇದೆ. ಗುತ್ತಿಗೆದಾರರು ಗೇಟಿನಲ್ಲಿ ನಿಂತು ನೋಡುತ್ತಿದ್ದಾರೆ. ಇವರಿಗೂ ಬಿಡ್ತೀರಾ ಎಂದರೆ ಆಕೆ ಕಣ್ಣರಳಿಸುತ್ತಾರೆ.

"ಬಿಡ್ದೆ ಇರ್ತೀನಾ? ಅವ್ರಿಗೇನು ಬಾಯಾರಿಕೆ ಆಗಲ್ವಾ?" ಚಾವಿ ಇಳಿಸುತ್ತಾ, ಗೇಟಿಗೂ ಕೇಳುವ ಹಾಗೆ ದನಿ ಏರಿಸುತ್ತಾರೆ: "ಎಲ್ಲರಿಗೂ ಎಷ್ಟೋ, ಅವ್ರಿಗೂ ಅಷ್ಟೇ!"