ಒಬ್ಬನ ಎಲೆಗೆ ಮಾತ್ರ ಹೊನಗೊನ್ನೆ

ಹೋದ ಮಂಗಳವಾರ ಬೆಳಿಗ್ಗೆ ನಾನಿನ್ನೂ ಕಾಫಿ ಸೋಸುತ್ತಿದ್ದೆ. ಬಾಗಿಲಲ್ಲಿ ನಮ್ಮಜ್ಜಿ! ಅರಕೆರೆಯಿಂದ ಮೊದಲ ಬಸ್ಸಿಗೆ ಹೊರಟು, ಶ್ರೀರಂಗಪಟ್ಟಣದಲ್ಲಿ ಬಸ್ಸು ಬದಲಾಯಿಸಿ, ಪಾಂಡವಪುರದ ನಮ್ಮ ಮನೆಯವರೆಗೆ ಒಬ್ಬಳೇ ಬಂದಿದ್ದಾಳೆ. ಕಂಕುಳಲ್ಲಿ ಒದ್ದೆ ಟವೆಲ್ಲಿನಲ್ಲಿ ಸುತ್ತಿದ ಒಂದು ಗಂಟು.

"ಏನಜ್ಜಿ, ಇಷ್ಟು ಬೇಗ?" ಎಂದೆ.

"ದೇವಲಾಪುರಕ್ಕೆ ಓಗ್ಬೇಕು ಕಣವ್ವ. ನಂಗೆ ದಾರಿ ಗೊತ್ತಿಲ್ಲ. ನೀನು ವಸಿ ಜೊತ್ಗೆ ಬಾ."

"ಅಲ್ಲೇನು ಕೆಲಸ?"

"ಆ ಮೇಷ್ಟ್ರ ಅವ್ವ ಅವ್ಳಲ್ಲ, ಅವ್ಳತ್ರ ತಪ್ಪಾಯ್ತು ಅಂದ್ಬುಟ್ಟು ಬತ್ತೀನಿ."

ಗಂಟು ಬಿಚ್ಚಿದೆ. ಹೊನಗೊನ್ನೆ ಸೊಪ್ಪು. ಬೇರು ಸಮೇತ ಕಿತ್ತು ತಂದಿದ್ದಾಳೆ.

ನನಗೆ ಎಲ್ಲ ಅರ್ಥವಾಯಿತು. ನಿಮಗೆ ಅರ್ಥವಾಗಬೇಕಾದರೆ ಯುಗಾದಿಯ ಹೊತ್ತಿಗೆ ಹಿಂದೆ ಹೋಗಬೇಕು.

ಅದಕ್ಕೂ ಮೊದಲು, ಹೊನಗೊನ್ನೆ ಗೊತ್ತಲ್ಲ? ನಾಲೆ ಏರಿಯ ಮೇಲೆ, ಗದ್ದೆ ಬದುವಿನಲ್ಲಿ, ನೀರು ಜಿನುಗುವ ಕಡೆಯೆಲ್ಲ ನೆಲಕ್ಕೆ ಹಬ್ಬಿ ಬೆಳೆಯುತ್ತದೆ. ಉದ್ದನೆಯ ಸಣ್ಣ ಎಲೆ, ಗಿಣ್ಣಿಗೊಂದು ಬಿಳಿ ಹೂವಿನ ಗುಂಡು. ಯಾರೂ ಬಿತ್ತುವುದಿಲ್ಲ, ಬೇಕಾದವರು ಕುಯ್ದುಕೊಂಡು ಹೋಗುತ್ತಾರೆ. ಬೇಳೆಯ ಜೊತೆ ಬೇಯಿಸಿ, ಬಸಿದ ನೀರಿಗೆ ಖಾರ ಕೂಡಿಸಿದರೆ ಬಸ್ಸಾರು. ಉಳಿದ ಸೊಪ್ಪಿಗೆ ಒಗ್ಗರಣೆ ಹಾಕಿ ಕಾಯಿ ತುರಿದರೆ ಪಲ್ಯ. ಕಣ್ಣಿಗೆ ಬಹಳ ಒಳ್ಳೆಯದು ಎಂದು ನಮ್ಮ ಕಡೆ ಎಲ್ಲ ಮನೆಯಲ್ಲೂ ಹೇಳುತ್ತಾರೆ. ಕಣ್ಣು ಉರಿದರೆ ಹೊನಗೊನ್ನೆ, ಕೆಂಪಾದರೆ ಹೊನಗೊನ್ನೆ, ಮಕ್ಕಳಿಗೆ ಪರೀಕ್ಷೆ ಹತ್ತಿರ ಬಂದರೂ ಹೊನಗೊನ್ನೆ. (ನಾನೂ ವರ್ಷಗಟ್ಟಲೆ ತಿಂದವಳೇ. ಆದರೂ ಮೂಗಿನ ಮೇಲೆ ಕನ್ನಡಕ ಬಂದು ಕೂತಿದೆ. ಮೈಸೂರಿನ ಕಣ್ಣಿನ ಡಾಕ್ಟರನ್ನು ಕೇಳಿದೆ. "ತಿನ್ನಿ, ಒಳ್ಳೇದೇ. ಕನ್ನಡಕ ಮಾತ್ರ ಬಿಡಬೇಡಿ" ಎಂದು ನಕ್ಕರು.)

ಅಜ್ಜಿಯ ಮುಂದೆ ಇದನ್ನೆಲ್ಲ ಹೇಳುವ ಹಾಗಿಲ್ಲ. ಈ ವಯಸ್ಸಿನಲ್ಲೂ ಸೂಜಿಗೆ ತಾನೇ ದಾರ ಪೋಣಿಸುತ್ತಾಳೆ. "ಎಲ್ಲಾ ಒನಗೊನ್ನೆ ಪುಣ್ಯ" ಎನ್ನುತ್ತಾಳೆ. ಯಾರು ಎದುರು ಮಾತಾಡುತ್ತಾರೆ?

ಸರಿ, ಯುಗಾದಿಗೆ ಬರೋಣ.

ಸುಜಾತ ನನ್ನ ಚಿಕ್ಕಪ್ಪನ ಮಗಳು. (ಎಲ್ಲರ ಹೆಸರನ್ನೂ ಬದಲಾಯಿಸಿದ್ದೇನೆ. ಬದಲಾಯಿಸಿದರೂ ಅರಕೆರೆಯವರಿಗೆ ಗೊತ್ತಾಗುತ್ತದೆ. ಏನು ಮಾಡಲಿ?) ಬಿ.ಎ. ಮುಗಿಸಿ ಊರಿನಲ್ಲೇ ನರ್ಸರಿ ಮಕ್ಕಳಿಗೆ ಪಾಠ ಹೇಳುತ್ತಾಳೆ. ಬೋರೇಗೌಡರು ಎಂಬ ದೂರದ ನೆಂಟರು ಅವಳಿಗೊಂದು ಸಂಬಂಧ ತಂದರು. ಹುಡುಗನ ಹೆಸರು ಪುಟ್ಟಸ್ವಾಮಿ. ಊರು ದೇವಲಾಪುರ, ಕೆಲಸ ಕೆ.ಆರ್. ಪೇಟೆಯ ಒಂದು ಹೈಸ್ಕೂಲಿನಲ್ಲಿ. ಲೆಕ್ಕದ ಮೇಷ್ಟ್ರು. ತಂದೆ ಇಲ್ಲ. ತಾಯಿ ಜಯಮ್ಮ ಇದ್ದಾರೆ, ಜೊತೆಗೊಬ್ಬ ಸೋದರಮಾವ. ಮನೆಯಲ್ಲಿ ಮಾತೆಲ್ಲ ಮಾವನದೇ.

ಒಂದು ಭಾನುವಾರ ಹೆಣ್ಣು ನೋಡಲು ಬಂದರು. ನಾನೂ ಹೋಗಿದ್ದೆ. ಹುಡುಗ ತೆಳ್ಳಗೆ, ಮೆತ್ತಗೆ. ಸುಜಾತ ಕಾಫಿ ತಂದಾಗ ಲೋಟ ಬಿಟ್ಟು ಪಕ್ಕದ ಗಾಳಿಗೆ ಕೈ ಹಾಕಿದ. ಗಾಬರಿ ಇರಬೇಕು ಎಂದುಕೊಂಡೆವು. ಆಮೇಲೆ ಗೋಡೆಯ ಕ್ಯಾಲೆಂಡರನ್ನು ಕಣ್ಣು ಕಿರಿದು ಮಾಡಿ ನೋಡಿದ. ಯಾರೂ ಗಮನಿಸಲಿಲ್ಲ. ಅಡುಗೆಮನೆ ಬಾಗಿಲಲ್ಲಿ ನಿಂತಿದ್ದ ಅಜ್ಜಿ ಗಮನಿಸಿದಳು. ಸೆರಗು ಸಿಕ್ಕಿಸಿಕೊಂಡು, ಹಿತ್ತಲ ಬಾಗಿಲಿಂದ ನಾಲೆಯ ಕಡೆ ಹೊರಟೇಬಿಟ್ಟಳು.

ದೂರದಿಂದ ಬಂದವರೆಂದು ಊಟಕ್ಕೆ ಎಲೆ ಹಾಕಿದ್ದೆವು. ಎಲ್ಲರ ಎಲೆಗೂ ಬೀನ್ಸು ಪಲ್ಯ. ಅಜ್ಜಿ ಒಂದು ಸಣ್ಣ ಪಾತ್ರೆ ಹಿಡಿದು ಬಂದು, ಪುಟ್ಟಸ್ವಾಮಿಯ ಎಲೆಗೆ ಮಾತ್ರ ಹಸಿರು ಪಲ್ಯ ಬಡಿಸಿದಳು.

"ತಿನ್ನಪ್ಪ. ಒನಗೊನ್ನೆ. ಕಣ್ಗೆ ಒಳ್ಳೇದು. ದಿನಾ ತಿಂದ್ರೆ ಮಂಜೆಲ್ಲ ಓಯ್ತದೆ."

ಪಂಕ್ತಿಯಲ್ಲಿ ಕೈಗಳು ನಿಂತವು.

"ಯಾರ್ ಕಣ್ಗೆ?" ಎಂದರು ಮಾವ.

ಆಗ ಪುಟ್ಟಸ್ವಾಮಿ ಏನು ಮಾಡಿದ ಗೊತ್ತೆ? ನಕ್ಕ. ಎಡಗೈಯನ್ನು ಷರ್ಟಿನ ಜೇಬಿಗೆ ಹಾಕಿ, ದಪ್ಪ ಗಾಜಿನ ಕನ್ನಡಕ ತೆಗೆದು, ಕಿವಿಗೆ ಸಿಕ್ಕಿಸಿಕೊಂಡ. ತಲೆಯೆತ್ತಿ ಸುಜಾತಳನ್ನು ನೋಡಿದ. ಅವತ್ತು ಅವಳನ್ನು ಅವನು ನೋಡಿದ್ದು ಅದೇ ಮೊದಲು!

"ಈಗ ಕಾಣುಸ್ತು ಅಜ್ಜಿ" ಎಂದ. "ಇನ್ನೊಂಚೂರು ಪಲ್ಯ ಹಾಕಿ."

ಸುಜಾತ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ನಕ್ಕಳು. ನನಗೂ ನಗು ಬಂತು. ಹೆಣ್ಣು ನೋಡಲು ಕಳಿಸುತ್ತಾರಂತೆ, ಕನ್ನಡಕ ಕಿತ್ತುಕೊಂಡು ಕಳಿಸುತ್ತಾರಂತೆ! ಇದು ಯಾವ ಊರಿನ ನ್ಯಾಯ?

ಅಲ್ಲಿಗೇ ಎಲ್ಲರೂ ನಕ್ಕುಬಿಟ್ಟಿದ್ದರೆ ಈ ವಾರ ನಾನು ಬೇರೇನೋ ಬರೆಯುತ್ತಿದ್ದೆ.

ಮಾವ ನಗಲಿಲ್ಲ. ಗುಟ್ಟು ಬಯಲಾದ ಸಂಕಟ ಅವರಿಗೆ. "ಎಲ್ಲರ್ ಎಲೆಗೂ ಪಲ್ಯ, ನಮ್ ಉಡುಗನ್ ಎಲೆಗೆ ಔಸ್ದಿ. ಮನೇಗ್ ಕರ್ಸಿ ಅವಮಾನ ಮಾಡ್ತೀರಾ?"

ಚಿಕ್ಕಪ್ಪನಾದರೂ ತಡೆದುಕೊಳ್ಳಬಾರದಿತ್ತೆ? "ಕನ್ನಡ್ಕ ಜೇಬಲ್ ಮಡಿಕ್ಕಂಡು ಬಂದೋರ್ಯಾರು? ಇನ್ನೇನೇನ್ ಮುಚ್ಚಿಟ್ಟಿದ್ದೀರೋ!"

"ನೋಡ್ಕಂಡು ಮಾತಾಡಿ."

"ನೋಡಕ್ಕೆ ನಮ್ಗೆ ಕಣ್ ಸರ್ಯಾಗೇ ಅವೆ ಬುಡಿ."

ಆ ಮಾತು ಆಡಬಾರದಿತ್ತು. ಪಾಯಸ ಬಡಿಸುವ ಮೊದಲೇ ಮಾವ ಕೈ ತೊಳೆದರು. ಜಯಮ್ಮ ತಲೆ ತಗ್ಗಿಸಿ ಎದ್ದರು. ಪುಟ್ಟಸ್ವಾಮಿ ಮಾತ್ರ ಎಲೆಯಲ್ಲಿದ್ದ ಪಲ್ಯವನ್ನು ಪೂರ್ತಿ ತಿಂದು ಎದ್ದ. ಹೊಸಲಲ್ಲಿ ನಿಂತಿದ್ದ ಅಜ್ಜಿಗೆ ಕೈಮುಗಿದು, "ಚೆನ್ನಾಗಿತ್ತಜ್ಜಿ" ಎಂದು ಹೇಳಿಯೇ ಹೋದ.

ಅಜ್ಜಿಗೆ ಏನಾಯಿತೆಂದೇ ತಿಳಿಯಲಿಲ್ಲ. "ನಾನೇನಂದೆ? ಒಳ್ಳೇದು ಅಂತಾನೇ ತಾನೇ ಅಂದಿದ್ದು?" ಎಂದು ಒಬ್ಬೊಬ್ಬರನ್ನೂ ಕೇಳಿದಳು. ಚಿಕ್ಕಪ್ಪ ರೇಗಿದರು. "ನೀನ್ ಬಾಯ್ ಮುಚ್ಕಂಡಿರವ್ವ. ನಿನ್ ಸೊಪ್ಪಿಂದ್ಲೇ ಎಲ್ಲಾ ಕೆಟ್ಟಿದ್ದು."

ಸೊಪ್ಪಿನಿಂದ ಕೆಟ್ಟಿತೆ? ನನಗೆ ಹಾಗನ್ನಿಸುವುದಿಲ್ಲ. ಒಬ್ಬರಿಗೆ ಮುಚ್ಚಿಟ್ಟಿದ್ದು ಸಿಕ್ಕಿಬಿತ್ತಲ್ಲ ಎಂಬ ನಾಚಿಕೆ, ಇನ್ನೊಬ್ಬರಿಗೆ ಮೋಸಹೋಗುತ್ತಿದ್ದೆನಲ್ಲ ಎಂಬ ಸಿಟ್ಟು. ಎರಡಕ್ಕೂ ಕೈಗೆ ಸಿಕ್ಕಿದ್ದು ಬಡಪಾಯಿ ಸೊಪ್ಪು, ಅದಕ್ಕಿಂತ ಬಡಪಾಯಿ ಮುದುಕಿ.

ಹದಿನೈದು ದಿನ ಕಳೆದಿರಬೇಕು. ಒಂದು ಸಂಜೆ ಪುಟ್ಟಸ್ವಾಮಿ ಪಾಂಡವಪುರದ ನಮ್ಮ ಮನೆಗೆ ಬಂದ. ಕೂರು ಎಂದರೂ ಕುರ್ಚಿಯ ತುದಿಯಲ್ಲೇ ಕೂತ.

"ನನ್ಗೇನೂ ಬೇಜಾರಿಲ್ಲ ಮೇಡಂ. ಅಜ್ಜಿ ಹೇಳಿದ್ದು ನಿಜ ತಾನೇ? ನಿಮ್ಮ ತಂಗಿಗೆ ಇಷ್ಟ ಇದ್ಯಾ ಅಂತ ಒಂದ್ಮಾತು ಕೇಳ್ತೀರಾ? ಇಷ್ಟ ಇಲ್ಲ ಅಂದ್ರೆ ನಾನು ಸುಮ್ಮನಾಗ್ತೀನಿ."

ಮಾರನೇ ದಿನವೇ ಅರಕೆರೆಗೆ ಹೋದೆ. ಸುಜಾತ ಹಿತ್ತಲಲ್ಲಿ ಬಟ್ಟೆ ಹಿಂಡುತ್ತಿದ್ದಳು. ಕೇಳಿದೆ. ಹಿಂಡಿದ್ದನ್ನೇ ಮತ್ತೊಮ್ಮೆ ಹಿಂಡಿದಳು.

"ಅವ್ರೊಬ್ರೇ ಕಣಕ್ಕ, ಅಜ್ಜಿಗೆ ಚೆನ್ನಾಗಿತ್ತು ಅಂತ ಹೇಳಿದ್ದು. ನನ್ಗಿಷ್ಟ."

ಚಿಕ್ಕಪ್ಪನಿಗೆ ಹೇಳಿದೆ. ಹುಡುಗ ಬಂದಿದ್ದ ಎಂದೆ, ಸುಜಾತ ಒಪ್ಪಿದ್ದಾಳೆ ಎಂದೆ. ಕೇಳಿಸಿಕೊಂಡರು. "ಅವ್ಳಿಗೇನ್ ಗೊತ್ತಾಯ್ತದೆ? ಅವ್ರ್ ಮಾವ ಬಂದು ತಪ್ಪಾಯ್ತು ಅನ್ಲಿ, ಆಮೇಲ್ ನೋಡಾನ" ಎಂದರು. ಸುಜಾತಳ ಉತ್ತರವನ್ನು ಪುಟ್ಟಸ್ವಾಮಿಗೂ ತಿಳಿಸಿದೆ. ಅವನು ತನ್ನ ಮಾವನಿಗೆ ಹೇಳಿದ. ಮಾವನದೂ ಅದೇ ಮಾತು. "ಅವ್ರ್ ಬಂದು ತಪ್ಪಾಯ್ತು ಅನ್ಲಿ." ಬೋರೇಗೌಡರು ಎರಡೂ ಕಡೆ ಬೈಸಿಕೊಂಡು, ಇನ್ನು ಈ ಕೆಲಸಕ್ಕೆ ಕೈ ಹಾಕುವುದಿಲ್ಲವೆಂದು ಹೊರಟುಹೋದರು.

ಅವರು ಬರಲಿ, ಇವರು ಬರಲಿ ಎನ್ನುವುದರಲ್ಲೇ ಮಳೆಗಾಲ ಕಳೆಯಿತು. ದಸರಾ ಮುಗಿಯಿತು.

ಆ ಭಾನುವಾರದ ಮೇಲೆ ಅಜ್ಜಿ ಹೊನಗೊನ್ನೆ ಕುಯ್ಯಲು ಹೋಗಿರಲಿಲ್ಲವಂತೆ. ಹೋದ ಸೋಮವಾರ ಯಾರೋ ತಂದುಕೊಟ್ಟರೆಂದು ಬಸ್ಸಾರು ಮಾಡಿದಳು. ಸುಜಾತಳ ತಟ್ಟೆಗೆ ಬಡಿಸಿದಳು. ಅವಳು ಒಂದು ತುತ್ತು ಬಾಯಿಗಿಟ್ಟು, ತಟ್ಟೆ ಸರಿಸಿ ಎದ್ದು ಹೋದಳಂತೆ. ಆಗ ಅಜ್ಜಿ ತೀರ್ಮಾನ ಮಾಡಿದ್ದು. ಯಾರೂ ಹೋಗದಿದ್ದರೆ ತಾನೇ ಹೋಗುವುದು.

ಹೀಗೆ ನಾವಿಬ್ಬರೂ ಹೊರಟೆವು. ಪಾಂಡವಪುರದಿಂದ ನಾಗಮಂಗಲ, ಅಲ್ಲಿಂದ ಇನ್ನೊಂದು ಬಸ್ಸು. ನಾಲೆ ನೀರಿನ ಗದ್ದೆಗಳು ಹಿಂದೆ ಉಳಿದು ರಾಗಿ ಹೊಲಗಳು ಬಂದವು. ಕಿಟಕಿ ಪಕ್ಕ ಕೂತ ಅಜ್ಜಿ, "ಒಳೀಕ್ ಕರೀತಾಳಾ ಅವ್ಳು?" ಎಂದು ಕೇಳುತ್ತಲೇ ಇದ್ದಳು.

ಜಯಮ್ಮ ಕರೆದರು. ಕೈಕಾಲಿಗೆ ನೀರು ಕೊಟ್ಟರು. ಮಾವ ಹೊಲಕ್ಕೆ ಹೋಗಿದ್ದರು, ಹುಡುಗ ಸ್ಕೂಲಿಗೆ. ಅಜ್ಜಿ ಚಾಪೆಯ ಮೇಲೂ ಕೂರಲಿಲ್ಲ.

"ತಪ್ಪಾಯ್ತು ಕಣವ್ವ. ನಾಕ್ ಜನರ್ ಮುಂದೆ ಅಂಗನ್ಬಾರ್ದಾಗಿತ್ತು. ಮಗ ಕಣ್ ಕಿರಿದ್ ಮಾಡ್ಕಂಡು ನೋಡ್ತಿದ್ದ, ಕರುಳ್ ಚುರುಕ್ ಅಂತು. ಅದ್ಕೇ ಮಾಡಾಕ್ದೆ."

ಜಯಮ್ಮ ಅಜ್ಜಿಯ ಕೈ ಹಿಡಿದು ಕೂರಿಸಿದರು. "ನೀವ್ಯಾಕವ್ವ ತಪ್ಪಾಯ್ತು ಅಂತೀರಿ? ಕನ್ನಡ್ಕ ತೆಗ್ದು ಜೇಬಿಗಾಕ್ಕೊಳ್ಲಾ ಅಂದೋಳು ನಾನೇ. ಎಣ್ಣಿನ್ ಕಡೆಯೋರು ಕುರುಡ ಅಂದ್ಕಂಡಾರು ಅಂತ. ಅವ್ನು ಬ್ಯಾಡ ಕಣವ್ವ ಅಂದ. ನಾನೇ ಕೇಳ್ನಿಲ್ಲ."

ನಾನು ಒಳಗೊಳಗೇ ಲೆಕ್ಕ ಹಾಕುತ್ತಿದ್ದೆ. ಇವತ್ತೇ ಪುಟ್ಟಸ್ವಾಮಿಗೆ ಸುದ್ದಿ ಮುಟ್ಟಿಸಬೇಕು, ಚಿಕ್ಕಪ್ಪನನ್ನು ಹೇಗಾದರೂ ಬಗ್ಗಿಸಬೇಕು.

ಆಗ ಜಯಮ್ಮ ಹೇಳಿದರು. "ಓದ್ ವಾರ ಅವ್ನಿಗೆ ಸಿಂಧಘಟ್ಟದ ಎಣ್ ಗೊತ್ತಾಗಿ ವೀಳ್ಯಶಾಸ್ತ್ರ ಆಗೋಯ್ತು ಕಣವ್ವ."

"ಅದಕ್ಕೆ ಪುಟ್ಟಸ್ವಾಮಿ ಏನಂದರು?" ಎಂದು ಕೇಳಿದೆ.

"ದಸರಾ ಗಂಟ ಕಾದ. ನಿಮ್ ಕಡೆಯಿಂದ ಯಾರಾದ್ರೂ ಬತ್ತಾರೆ ಅಂತ. ಆಮ್ಯಾಕೆ, ನಿಮ್ಮಿಷ್ಟ ಕಣವ್ವ ಅಂದ್ಬುಟ್ಟ."

ಒಂದು ವಾರ. ಬರೀ ಒಂದು ವಾರ ಮೊದಲು ಅಜ್ಜಿ ಆ ಬಸ್ಸು ಹತ್ತಿದ್ದರೆ! ಅಜ್ಜಿಯನ್ನೇಕೆ ಅನ್ನಲಿ? ಗಟ್ಟಿಮುಟ್ಟಾಗಿದ್ದ ಗಂಡಸರು ಇಬ್ಬರಿದ್ದರಲ್ಲ.

ಜಯಮ್ಮ ಊಟ ಮಾಡಿಸದೆ ಬಿಡಲಿಲ್ಲ. ರಾಗಿ ಹೊಲದಲ್ಲಿ ಬಿಡಿಸಿ ತಂದ ಅಣ್ಣೆ ಸೊಪ್ಪಿನ ಸಾರು, ಬಿಸಿ ಮುದ್ದೆ. ಅಜ್ಜಿ ಉಂಡಳು. ನಿಮ್ಮ ಕಡೆ ಅಣ್ಣೆ ಸೊಪ್ಪಿಗೆ ಬೆಳ್ಳುಳ್ಳಿ ಜಜ್ಜಿ ಹಾಕುತ್ತೀರಾ ಎಂದು ಕೇಳಿದಳು. ಒಬ್ಬರು ನೀರಿನ ಸೀಮೆಯ ಸೊಪ್ಪಿನ ಮಾತಾಡುತ್ತಿದ್ದರೆ ಇನ್ನೊಬ್ಬರು ಬೆದ್ದಲು ಸೀಮೆಯದು. ಇಬ್ಬರೂ ಎಷ್ಟೋ ವರ್ಷದಿಂದ ಒಂದೇ ಒಲೆಯ ಮುಂದೆ ಕೂತವರ ಹಾಗಿದ್ದರು. ಎಂಥ ಬೀಗರಾಗಬಹುದಿತ್ತು!

ಹೊರಡುವಾಗ ಅಜ್ಜಿ ಗಂಟು ಬಿಚ್ಚಿದಳು. "ಇದು ಬೇರು ಕಣವ್ವ. ಬಚ್ಚಲ್ ನೀರ್ ಓಗೋ ತಾವ ಊರು. ತಾನೇ ಅಬ್ಕಳ್ತದೆ." ಅಜ್ಜಿಯೇ ಹಿತ್ತಲಿಗೆ ಹೋಗಿ, ಕುಕ್ಕರುಗಾಲಲ್ಲಿ ಕೂತು, ಬಚ್ಚಲ ನೀರು ಹರಿಯುವ ಕಡೆ ಒಂದೊಂದೇ ಬೇರು ಊರಿದಳು. ಕೈಯ ಕೆಸರು ತೊಳೆದುಕೊಳ್ಳುತ್ತ, "ಬರೋ ಸೊಸೆಗೆ ತೋರ್ಸ್ಕೊಡು. ವಾರ್ಕೊಂದ್ ಕಿತ ಮಾಡಾಕ್ಲಿ ಅವ್ನಿಗೆ" ಎಂದಳು.

ಜಯಮ್ಮ ಅತ್ತರು. ಅಜ್ಜಿ ಅಳಲಿಲ್ಲ.

ವಾಪಸು ಬರುವಾಗ ಅವಳು ಮಾತಾಡಿದ್ದು ಒಂದೇ ಸಲ, ನಾಗಮಂಗಲ ಬಸ್ ಸ್ಟ್ಯಾಂಡಿನಲ್ಲಿ. "ಒಳ್ಳೇ ಎಂಗ್ಸು ಕಣವ್ವ. ನಮ್ ಸುಜಾತನ್ನ ಚೆನ್ನಾಗ್ ಮಡಿಕ್ಕಳೋಳು."

ಅವಳೊಬ್ಬಳನ್ನೇ ಕಳಿಸಲು ಮನಸ್ಸಾಗದೆ ಅರಕೆರೆಯವರೆಗೂ ಹೋದೆ. ಸುಜಾತ ಬಾಗಿಲಲ್ಲೇ ಇದ್ದಳು. ಎಲ್ಲಿಗೆ ಹೋಗಿದ್ದೆವೆಂದು ಅವಳಿಗೆ ಯಾರೂ ಹೇಳಿರಲಿಲ್ಲ. ಆದರೆ ಗೊತ್ತಿತ್ತು.

"ಊಟ ಆಯ್ತಾ ಅಜ್ಜಿ?" ಎಂದಳು.

"ಆಯ್ತು ಕಣವ್ವ" ಎಂದಳು ಅಜ್ಜಿ. ಸ್ವಲ್ಪ ತಡೆದು, "ಆಗೋಯ್ತು" ಎಂದಳು.

ಸುಜಾತ ಅಜ್ಜಿಯ ಮುಖವನ್ನು ನೋಡಿದಳು. ತಿರುಗಿ ಒಳಗೆ ಹೋಗಿ, ನರ್ಸರಿ ಮಕ್ಕಳಿಗಾಗಿ ಕತ್ತರಿಸುತ್ತಿದ್ದ ಬಣ್ಣದ ಕಾಗದದ ಮುಂದೆ ಕೂತಳು. ಕತ್ತರಿ ಕೈಯಲ್ಲೇ ಇತ್ತು. ಕಾಗದ ಕತ್ತರಿಸಲಿಲ್ಲ.

ಅಷ್ಟರಲ್ಲಿ ಚಿಕ್ಕಪ್ಪ ಬಂದರು. ಖುಷಿಯಲ್ಲಿದ್ದರು. ಮೇಲುಕೋಟೆ ಕಡೆಯ ಹೊಸ ಸಂಬಂಧವೊಂದು ಬಂದಿದೆಯಂತೆ. ಹುಡುಗನ ಜಮೀನು ವಿಚಾರಿಸಿದ್ದಾರಂತೆ, ಜಾತಕ ವಿಚಾರಿಸಿದ್ದಾರಂತೆ. ಈ ಸಲ ಮರೆಯದೆ ಕಣ್ಣನ್ನೂ ವಿಚಾರಿಸಿದ್ದಾರಂತೆ. ಅದಕ್ಕಾಗಿ ಎರಡು ದಿನ ಬಸ್ಸಿನಲ್ಲಿ ಓಡಾಡಿದರಂತೆ.

ಗೋಡೆಯ ಆಚೆ ಕೂತಿರುವ ಮಗಳನ್ನು ವಿಚಾರಿಸಲು ಯಾವ ಬಸ್ಸು ಹತ್ತಬೇಕು, ಚಿಕ್ಕಪ್ಪ?